ತೀರ್ಪು ಬರುವ ತನಕದ ಪೋಟಗಿ

ಗೋಕಾಕ, ಹುಕ್ಕೇರಿಗಳ ಕೋರ್ಟಿನ ಕಾಗದ ಹೈಕೋರ್ಟಿಗೆ ಎಂದು ಹೊರಟರೆ 1956ರ ಅಕ್ಟೋಬರ್ ಮುಗಿಯುವ ತನಕ ತಲುಪುತ್ತಿದ್ದದ್ದು ಮುಂಬಯಿಗೆ. ನವೆಂಬರ್ 1ರಂದು ಬೆಳಗಾವಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿತು. ಅದೇ ಕಾಗದ ದಿಕ್ಕು ಬದಲಿಸಿ ಬೆಂಗಳೂರಿನ ಹಾದಿ ಹಿಡಿಯಿತು. 2008ರ ಜುಲೈನಿಂದ ಅದು ಧಾರವಾಡಕ್ಕೆ ಹೋಗುತ್ತಿದೆ. ಗಂಡನ ಮನೆ ಬಿಟ್ಟು ತವರಿಗೆ ಬಂದು ಕೂತ ಹೆಣ್ಣುಮಗಳ ಪೋಟಗಿಯ ಚರಿತ್ರೆ ಬರೆಯುವವರು ಕಾನೂನಿನ ಕಲಮುಗಳ ಜೊತೆಗೆ ಈ ದಾರಿಗಳನ್ನೂ ಅಳೆಯಬೇಕು. ಪೋಟಗಿಯ ಹುಕುಂ ಆಗುವುದು ತಾಲ್ಲೂಕಿನಲ್ಲಿ, ಅದಕ್ಕೆ ತಡೆ ಬೀಳುವುದು ದೂರದ ಊರಿನಲ್ಲಿ. ಆ ದೂರ ಸವೆಸುವ ಕಸುವು ಗಂಡನಿಗಿದ್ದಷ್ಟು ಹೆಂಡತಿಗೆ ಇರುವುದಿಲ್ಲ ಎಂಬುದೇ ಈ ಇಡೀ ಕಥೆಯ ತಿರುಳು. ಮಿಕ್ಕದ್ದೆಲ್ಲ ಅದರ ವಿವರ.

ಸರಕಾರಿ ಕನ್ನಡದಲ್ಲಿ ಇದಕ್ಕೆ ಜೀವನಾಂಶ ಎನ್ನುತ್ತಾರೆ. ಬೆಳಗಾವಿ ಸೀಮೆಯ ಬಾಯಲ್ಲಿ ಅದು ಇಂದಿಗೂ ಪೋಟಗಿಯೇ. ಕೋರ್ಟು ಬರುವ ಮೊದಲೂ, ಬಂದು ಬಹುಕಾಲ ಕಳೆದ ಮೇಲೂ ಇಂಥ ಜಗಳಗಳನ್ನು ಪಂಚರು ಹರಿಯುತ್ತಿದ್ದರು. ಗುಡಿಯ ಕಟ್ಟೆಯಲ್ಲೋ ಮಠದ ಪಡಸಾಲೆಯಲ್ಲೋ ಎರಡೂ ಕಡೆಯ ಹಿರಿಯರು ಕೂತು ಬುದ್ಧಿ ಹೇಳಿ ಕಳಿಸುವುದು ಮೊದಲ ಹೆಜ್ಜೆ. ಅದೂ ಸಾಗದಿದ್ದರೆ ಸೋಡಚೀಟಿ, ಅಂದರೆ ಬಿಡುಗಡೆಯ ಚೀಟಿ. ಉಡಿಕಿ (ಮರುಮದುವೆ) ನಡೆಯುವ ಜಾತಿಗಳಲ್ಲಿ ಆಕೆ ಇನ್ನೊಬ್ಬನ ಮನೆ ಸೇರಬಹುದಿತ್ತು. ನಡೆಯದ ಜಾತಿಗಳಲ್ಲಿ ಅನ್ನವಸ್ತ್ರಕ್ಕೆ ಏನೋ ಒಂದು ಒಪ್ಪಂದ. ಒಪ್ಪಂದ ಮುರಿದ ಗಂಡನಿಗೆ ಮರ್ಯಾದೆ ಹೋಗುತ್ತದೆ ಎಂಬ ಅಂಜಿಕೆಯೇ ಜಾರಿಯ ವಾರಂಟು. ಮರ್ಯಾದೆಗೆ ಅಂಜದವನ ಮುಂದೆ ಪಂಚರ ಕೈಯೂ ಸಾಗುತ್ತಿರಲಿಲ್ಲ.

ಬ್ರಿಟಿಷರ ಕಾನೂನು ಇದರೊಳಗೆ ಕೈ ಹಾಕಿದ್ದು ಹೆಂಡತಿಯ ಮೇಲಿನ ಕನಿಕರದಿಂದ ಮಾತ್ರ ಎನ್ನುವ ಹಾಗಿಲ್ಲ. 1861ರ ದಂಡ ಪ್ರಕ್ರಿಯಾ ಸಂಹಿತೆಯಲ್ಲೇ ಈ ಕಲಮು ಬಂತು. 1872ರ ಸಂಹಿತೆಯನ್ನು ರೂಪಿಸಿದ ಜೇಮ್ಸ್ ಫಿಟ್ಜ್‌ಜೇಮ್ಸ್ ಸ್ಟೀಫನ್ ಅದರ ಉದ್ದೇಶವನ್ನು ಮುಚ್ಚುಮರೆಯಿಲ್ಲದೆ ಹೇಳಿದ: ದಿಕ್ಕಿಲ್ಲದವರು ಬೀದಿಗೆ ಬೀಳುವುದನ್ನು, ಅದರಿಂದಾಗುವ ತೊಂದರೆಗಳನ್ನು ತಡೆಯುವುದು. ಅಂದರೆ ಹಸಿದ ಹೆಂಡತಿ ಮಕ್ಕಳು ಊರ ಶಾಂತಿಗೆ ಅಪಾಯ. ಅವರನ್ನು ಸಾಕುವ ಹೊಣೆ ಗಂಡನ ಮೇಲೆ ಹಾಕಿದರೆ ಪೊಲೀಸರ ಕೆಲಸ ಹಗುರ. ಸಿವಿಲ್ ಕೋರ್ಟಿಗೆ ಬಿಡಬೇಕಾದ ಸಂಸಾರದ ವ್ಯಾಜ್ಯವೊಂದು ಮ್ಯಾಜಿಸ್ಟ್ರೇಟರ ಮೇಜಿಗೆ ಬಂದದ್ದು ಹೀಗೆ. ಕಾರಣ ಏನೇ ಇರಲಿ, ಹೆಣ್ಣುಮಕ್ಕಳಿಗೆ ಅದರಿಂದ ಒಂದು ಉಪಕಾರವಾಯಿತು. ಹಿಂದೂ ಆಗಲಿ ಮುಸ್ಲಿಂ ಆಗಲಿ ಕ್ರೈಸ್ತಳಾಗಲಿ, ಎಲ್ಲರಿಗೂ ಒಂದೇ ಕಲಮು, ಒಂದೇ ಬಾಗಿಲು. ಮದುವೆಯಾಗದೆ ಹುಟ್ಟಿದ ಮಗುವಿಗೂ ಅಪ್ಪನಿಂದ ಕೇಳುವ ಹಕ್ಕು ಅದರಲ್ಲಿತ್ತು. ದೇವರಿಗೆ ಬಿಟ್ಟ ಹೆಣ್ಣುಮಕ್ಕಳಿದ್ದ ಸವದತ್ತಿ ಎಲ್ಲಮ್ಮನ ಸೀಮೆಗೆ ಅದು ಸಣ್ಣ ಮಾತಲ್ಲ.

1898ರ ಸಂಹಿತೆಯಲ್ಲಿ ಈ ಕಲಮಿಗೆ 488ನೇ ನಂಬರು. ತಿಂಗಳಿಗೆ ಎಲ್ಲ ಸೇರಿ 50 ರೂಪಾಯಿ ಮೀರುವ ಹಾಗಿಲ್ಲ. 1923ರಲ್ಲಿ ಆ ಮಿತಿ 100 ಆಯಿತು, 1955ರಲ್ಲಿ 500. ಮೊದಲ ದರ್ಜೆಯ ಮ್ಯಾಜಿಸ್ಟ್ರೇಟರು ಅಥವಾ ಉಪವಿಭಾಗದ ಮ್ಯಾಜಿಸ್ಟ್ರೇಟರು ಈ ಅರ್ಜಿ ಕೇಳಬೇಕು. ಮುಂಬಯಿ ಇಲಾಖೆಯಲ್ಲಿ ಉಪವಿಭಾಗದ ಮ್ಯಾಜಿಸ್ಟ್ರೇಟರೆಂದರೆ ಪ್ರಾಂತ ಸಾಹೇಬರು. ಕಂದಾಯ ವಸೂಲಿ ಅವರದೇ, ಗಂಡ ಹೆಂಡಿರ ಜಗಳವೂ ಅವರದೇ. ಅರ್ಜಿ ಕೊಟ್ಟವಳು ಸಾಹೇಬರ ಮುಕ್ಕಾಂ ಎಲ್ಲಿದೆಯೋ ಅಲ್ಲಿಗೆ ಸಾಕ್ಷಿದಾರರನ್ನು ಕಟ್ಟಿಕೊಂಡು ಹೋಗಬೇಕು. ಗೋಕಾಕ ಫಾಲ್ಸಿನಲ್ಲಿ 1880ರ ದಶಕದಲ್ಲೇ ನೂಲಿನ ಗಿರಣಿ ಶುರುವಾಗಿತ್ತು; ಗಿರಣಿಯ ಕೆಲಸಗಾರನ ಪಗಾರ ಎಷ್ಟೆಂದು ಹೇಳಬಹುದಿತ್ತು. ಒಕ್ಕಲಿಗನ ಆದಾಯವನ್ನು ಯಾರು ಹೇಳಬೇಕು? ಅಂದಾಜೇ ಆಧಾರ.

ಈ ಕಲಮಿನಲ್ಲಿ ಒಂದು ದೊಡ್ಡ ಕೊರತೆ ಇತ್ತು. ಸಾಕ್ಷಿ ಮುಗಿದು ಕೊನೆಯ ಹುಕುಂ ಆಗುವ ತನಕ ಆಕೆಯ ಕೈಗೆ ಏನೂ ಸಿಗುತ್ತಿರಲಿಲ್ಲ. ಗಂಡ ಸಮನ್ಸ್ ತಪ್ಪಿಸಿಕೊಂಡಷ್ಟು ದಿನ, ಮುದ್ದತು ಕೇಳಿದಷ್ಟು ಸಲ ಅವನಿಗೆ ಲಾಭ. ಹುಕುಂ ಆದ ಮೇಲೂ ಅವನು ಸೆಷನ್ಸ್ ಕೋರ್ಟಿಗೆ ರಿವಿಜನ್ ಹಾಕಬಹುದು. ಆಗಿನ ಸೆಷನ್ಸ್ ನ್ಯಾಯಾಧೀಶರಿಗೆ ಹುಕುಂ ರದ್ದು ಮಾಡುವ ಅಧಿಕಾರ ಇರಲಿಲ್ಲ; ತಪ್ಪು ಕಂಡರೆ ಹೈಕೋರ್ಟಿಗೆ ವರದಿ ಬರೆದು ಕಳಿಸಬೇಕಿತ್ತು. ಹೀಗಾಗಿ ಹುಕ್ಕೇರಿಯ ಹೆಣ್ಣುಮಗಳ ಇಪ್ಪತ್ತು ಮೂವತ್ತು ರೂಪಾಯಿಯ ಪೋಟಗಿ ಬೆಳಗಾವಿಗೆ ಹೋಗಿ, ಅಲ್ಲಿಂದ ಮುಂಬಯಿಗೆ ಹೋಗಿ, ಕಡಲ ದಂಡೆಯ ಆ ಕಲ್ಲುಕಟ್ಟಡದಲ್ಲಿ ಸರದಿ ಕಾಯಬೇಕಿತ್ತು.

ಸಿವಿಲ್ ಕೋರ್ಟಿನ ಹಾದಿ ಬೇರೆ. ಗಂಡನಿಂದ ಬೇರೆ ಇರುವ ಹಕ್ಕು ಹಿಂದೂ ಹೆಂಡತಿಗೆ ಯಾವಾಗ ಉಂಟು ಎಂಬುದೇ ಅಲ್ಲಿ ದೊಡ್ಡ ವಾದ. ಇಲ್ಲಿ ಗಡಿಯ ಆಚೀಚೆಯ ವ್ಯತ್ಯಾಸ ನೋಡಬೇಕು. ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಹೆಣ್ಣುಮಕ್ಕಳ ಹಕ್ಕುಗಳಿಗೆಂದು ಪ್ರತ್ಯೇಕ ಕಾಯಿದೆ ಮಾಡಿತ್ತು. ಅದೇ ಕನ್ನಡ ಆಡುವ ಬೆಳಗಾವಿಯವರಿಗೆ ಅದು ಅನ್ವಯಿಸುತ್ತಿರಲಿಲ್ಲ. ಇವರಿಗೆ ಸಿಕ್ಕಿದ್ದು ಮುಂಬಯಿ ಶಾಸನಸಭೆಯ 1946ರ ದ್ವಿಪತ್ನಿತ್ವ ತಡೆ ಕಾಯಿದೆ, 1947ರ ವಿಚ್ಛೇದನ ಕಾಯಿದೆ, ಜೊತೆಗೆ 1946ರದೇ ಕೇಂದ್ರದ ಪ್ರತ್ಯೇಕ ವಾಸ ಮತ್ತು ಜೀವನಾಂಶದ ಕಾಯಿದೆ. ಇನ್ನೊಂದು ಮದುವೆಯಾದ ಗಂಡನ ಜೊತೆ ಇರಲಾರೆ ಎಂದರೆ ಅದು ನ್ಯಾಯವಾದ ಕಾರಣವೇ ಎಂದು 1949ರಲ್ಲಿ 488ನೇ ಕಲಮಿಗೂ ಸೇರಿಸಿದರು. ದ್ವಿಪತ್ನಿತ್ವದ ಕಾಯಿದೆ ಸಂವಿಧಾನಕ್ಕೆ ವಿರುದ್ಧ ಎಂಬ ವಾದ ಮುಂಬಯಿ ಹೈಕೋರ್ಟಿನ ಮುಂದೆ ಬಂದಾಗ, 1951ರಲ್ಲಿ ಮುಖ್ಯ ನ್ಯಾಯಮೂರ್ತಿ ಎಂ.ಸಿ. ಚಾಗ್ಲಾ ಮತ್ತು ನ್ಯಾಯಮೂರ್ತಿ ಪಿ.ಬಿ. ಗಜೇಂದ್ರಗಡಕರ್ ಅದನ್ನು ಎತ್ತಿಹಿಡಿದರು.  ಮೊದಲ ಹೆಂಡತಿಗೆ ಇದರಿಂದ ಬಲ ಬಂತು ನಿಜ, ಆದರೆ ಎರಡನೆಯವಳ ಪಾಡು ಕೆಟ್ಟಿತು. ಅವಳು ಪೋಟಗಿ ಕೇಳಿದರೆ ‘ಇವಳು ನನ್ನ ಕಾಯಿದೆಶೀರ ಹೆಂಡತಿಯೇ ಅಲ್ಲ’ ಎನ್ನುವ ತಕರಾರು ಗಂಡನಿಗೆ ಸಿದ್ಧವಾಗಿ ಸಿಕ್ಕಿತು. ತಪ್ಪು ಮಾಡಿದವನೇ ತನ್ನ ತಪ್ಪನ್ನು ಗುರಾಣಿ ಮಾಡಿಕೊಳ್ಳುವ ಈ ಆಟ ಇಂದಿಗೂ ಪೂರ್ತಿ ನಿಂತಿಲ್ಲ.

ತೀರ್ಪು ಬರುವ ತನಕದ ಹೊಟ್ಟೆಪಾಡಿನ ಮಾತು ದೇಶದ ಎಲ್ಲ ಹಿಂದೂಗಳ ಕಾಯಿದೆಯಲ್ಲಿ ಬರಹಕ್ಕೆ ಇಳಿದದ್ದು 1955ರ ಹಿಂದೂ ವಿವಾಹ ಕಾಯಿದೆಯ 24ನೇ ಕಲಮಿನಲ್ಲಿ. ವಿಚ್ಛೇದನವೋ ಕೂಡಿ ಬಾಳುವ ದಾವೆಯೋ ನಡೆಯುತ್ತಿರುವಾಗ ಕೈಯಲ್ಲಿ ಕಾಸಿಲ್ಲದವರಿಗೆ ಇನ್ನೊಬ್ಬರು ತಿಂಗಳ ಖರ್ಚನ್ನೂ ದಾವೆಯ ಖರ್ಚನ್ನೂ ಕೊಡಬೇಕು. ಹೆಂಡತಿಗೆ ಗಂಡ, ಗಂಡನಿಗೆ ಹೆಂಡತಿ. ಕಲಮು ಇಬ್ಬರಿಗೂ ಒಂದೇ. ಈ ಮಧ್ಯಂತರ ಹುಕುಮಿನ ಮೇಲೆ ಅಪೀಲು ಉಂಟೋ ಇಲ್ಲವೋ ಎಂದು ಹೈಕೋರ್ಟುಗಳು ಇಪ್ಪತ್ತು ವರ್ಷ ಒಂದೊಂದು ಮಾತು ಹೇಳಿದವು. 1976ರ ತಿದ್ದುಪಡಿ ಆ ಬಾಗಿಲು ಮುಚ್ಚಿತು: 24ನೇ ಕಲಮಿನ ಹುಕುಮಿಗೆ ಅಪೀಲು ಇಲ್ಲ. ಅಪೀಲು ಇಲ್ಲವೆಂದ ಮಾತ್ರಕ್ಕೆ ವಕೀಲರು ಸುಮ್ಮನೆ ಕೂರುತ್ತಾರೆಯೆ? ಸಂವಿಧಾನದ 227ನೇ ವಿಧಿ ಇತ್ತಲ್ಲ. ಕೆಳಗಿನ ಕೋರ್ಟುಗಳ ಮೇಲೆ ಹೈಕೋರ್ಟಿಗಿರುವ ಮೇಲ್ವಿಚಾರಣೆಯ ಅಧಿಕಾರದಡಿ ರಿಟ್ ಅರ್ಜಿ ಹಾಕುವ ರೂಢಿ ಬೆಳೆಯಿತು.

ಕ್ರಿಮಿನಲ್ ಕಡೆ 1974ರ ಏಪ್ರಿಲ್ 1ರಿಂದ ಹೊಸ ಸಂಹಿತೆ ಬಂತು, 488 ಹೋಗಿ 125 ಆಯಿತು. ವಿಚ್ಛೇದನ ಪಡೆದವಳೂ, ವಯಸ್ಸಾದ ತಂದೆತಾಯಿಯೂ ಅದರೊಳಗೆ ಬಂದರು. 500 ರೂಪಾಯಿಯ ಮಿತಿ ಮಾತ್ರ 1955ರಲ್ಲಿ ಇದ್ದಲ್ಲೇ ಉಳಿಯಿತು. ಹೊಸ ಸಂಹಿತೆಯ 397ನೇ ಕಲಮು ಮಧ್ಯಂತರ ಹುಕುಂಗಳ ಮೇಲೆ ರಿವಿಜನ್ ಹಾಕಬಾರದು ಎಂದಿತು. ತಮಾಷೆ ಎಂದರೆ, 125ರಲ್ಲಿ ಮಧ್ಯಂತರ ಪೋಟಗಿಯ ಪ್ರಸ್ತಾಪವೇ ಇರಲಿಲ್ಲ. ಕೊಡಲು ಅವಕಾಶವಿಲ್ಲದ್ದನ್ನು ಪ್ರಶ್ನಿಸುವುದೆಲ್ಲಿ ಬಂತು?

ಆ ಅವಕಾಶ ತೆರೆದವರು ಒಬ್ಬ ಕನ್ನಡಿಗ. ಪಾಂಡವಪುರ ಸೀಮೆಯ ಎಂಗಳಗುಪ್ಪೆಯ ಇ.ಎಸ್. ವೆಂಕಟರಾಮಯ್ಯ ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಓದಿ, ಕಾನೂನು ಕಲಿಯಲು ಪುಣೆಗೂ ಬೆಳಗಾವಿಗೂ ಬಂದವರು. ಬೆಳಗಾವಿಯಲ್ಲಿ ಅವರು ಓದಿದ್ದು ರಾಜಾ ಲಖಮಗೌಡ ಕಾನೂನು ಕಾಲೇಜಿನಲ್ಲಿ.  1985ರ ಅಕ್ಟೋಬರ್ 9ರಂದು ಸುಪ್ರೀಂ ಕೋರ್ಟಿನಲ್ಲಿ ಸಾವಿತ್ರಿ ಪ್ರಕರಣದ ತೀರ್ಪು ಬರೆಯುವಾಗ ವೆಂಕಟರಾಮಯ್ಯನವರ ಮುಂದಿದ್ದ ಪ್ರಶ್ನೆ ಸರಳವಾಗಿತ್ತು. ಅರ್ಜಿ ವಿಚಾರಣೆಯಾಗಲು ತಿಂಗಳುಗಟ್ಟಲೆ ಹಿಡಿಯುತ್ತದೆ. ಅಷ್ಟರ ತನಕ ಆಕೆ ಏನು ತಿನ್ನಬೇಕು? ಸಂಹಿತೆಯಲ್ಲಿ ಕೊಡು ಎಂದಿಲ್ಲ, ಕೊಡಬೇಡ ಎಂದೂ ಇಲ್ಲ. ಒಂದು ಕೆಲಸ ಮಾಡುವ ಅಧಿಕಾರವನ್ನು ಕಾನೂನು ಕೊಟ್ಟಿದ್ದರೆ, ಆ ಕೆಲಸ ಸಾರ್ಥಕವಾಗಲು ಬೇಕಾದ ಅಧಿಕಾರವೂ ಅದರೊಳಗೇ ಅಡಗಿರುತ್ತದೆ ಎಂದು ಅವರು ಹೇಳಿದರು. ಮೇಲ್ನೋಟಕ್ಕೆ ಅರ್ಜಿಯಲ್ಲಿ ಹುರುಳಿದೆ ಎನಿಸಿದರೆ, ಅಫಿಡವಿಟ್ ನೋಡಿ, ಮ್ಯಾಜಿಸ್ಟ್ರೇಟರು ತಾತ್ಕಾಲಿಕವಾಗಿ ಪೋಟಗಿ ಕೊಡಿಸಬಹುದು.

ವಿಚ್ಛೇದಿತ ಮುಸ್ಲಿಂ ಹೆಂಡತಿಗೂ 125ರ ಪೋಟಗಿ ಉಂಟು ಎಂದು ಅದೇ ವರ್ಷದ ಏಪ್ರಿಲ್‌ನಲ್ಲಿ ಬಂದ ಶಾ ಬಾನೊ ತೀರ್ಪು ದೇಶವನ್ನೇ ಅಲುಗಾಡಿಸಿತ್ತು. ಸಾವಿತ್ರಿ ತೀರ್ಪಿಗೆ ಮೆರವಣಿಗೆಯೂ ಇಲ್ಲ, ಘೋಷಣೆಯೂ ಇಲ್ಲ. ತಾಲ್ಲೂಕು ಕೋರ್ಟಿನ ದಿನನಿತ್ಯದ ನಡವಳಿಕೆಯನ್ನು ಹೆಚ್ಚು ಬದಲಿಸಿದ್ದು ಈ ಎರಡನೆಯದೇ ಎಂದು ನನ್ನ ಎಣಿಕೆ. ಗಂಡಂದಿರ ಕಡೆಯ ವಕೀಲರಿಗೂ ಹೊಸ ಕೆಲಸ ಸಿಕ್ಕಿತು. ಹಿಂದೆ ಕೊನೆಯ ಹುಕುಂ ಬರುವ ತನಕ ಎಳೆದರೆ ಸಾಕಿತ್ತು. ಈಗ ಮೊದಲ ಕೆಲವು ತಿಂಗಳಲ್ಲೇ ಹುಕುಂ ಬಂದು ಬೀಳುತ್ತದೆ, ಅದನ್ನು ಒಡೆಯಬೇಕು. ಮಧ್ಯಂತರ ಪೋಟಗಿ ನಿಜಕ್ಕೂ ಮಧ್ಯಂತರ ಹುಕುಮೆ, ಅದರ ಮೇಲೆ ರಿವಿಜನ್ ಸಾಗುತ್ತದೆಯೆ ಎಂಬ ವಾದ ಹುಟ್ಟಿತು. ಒಬ್ಬರ ಹಕ್ಕು ಬಾಧ್ಯತೆಗಳನ್ನು ಗಟ್ಟಿಯಾಗಿ ತಟ್ಟುವ ಹುಕುಂ ಪೂರ್ತಿ ಮಧ್ಯಂತರವಲ್ಲ ಎಂದು ಸುಪ್ರೀಂ ಕೋರ್ಟು 1977ರ ಅಮರನಾಥ್ ಮತ್ತು ಮಧು ಲಿಮಯೆ ತೀರ್ಪುಗಳಲ್ಲಿ ಹೇಳಿತ್ತು. ಅದನ್ನೇ ಹಿಡಿದು ಕೆಲವು ಹೈಕೋರ್ಟುಗಳು ರಿವಿಜನ್ ಸಾಗುತ್ತದೆ ಎಂದವು, ಕೆಲವು ಇಲ್ಲ ಎಂದವು. ಇಲ್ಲವೆಂದ ಕಡೆ, ಹೈಕೋರ್ಟಿನ ಅಂತರ್ಗತ ಅಧಿಕಾರದ 482ನೇ ಕಲಮಿನಡಿ ನೇರ ಹೈಕೋರ್ಟು.

2001ರ ಸೆಪ್ಟೆಂಬರ್ 24 ಇನ್ನೊಂದು ತಿರುವು. ಆ ದಿನ ಜಾರಿಗೆ ಬಂದ ತಿದ್ದುಪಡಿಯಲ್ಲಿ 46 ವರ್ಷದ 500 ರೂಪಾಯಿಯ ಮಿತಿ ಹೋಯಿತು. ಮಧ್ಯಂತರ ಪೋಟಗಿಯ ಮಾತು 125ನೇ ಕಲಮಿನೊಳಗೇ ಬಂತು. ನೋಟಿಸು ಮುಟ್ಟಿದ 60 ದಿನದೊಳಗೆ ಆ ಅರ್ಜಿ ತೀರ್ಮಾನವಾಗಬೇಕು ಎಂದೂ ಬರೆದರು. ಹಿಂದೂ ವಿವಾಹ ಕಾಯಿದೆಗೂ ಅದೇ ಗಡುವು. ಸಾಧ್ಯವಾದಷ್ಟೂ ಎಂಬ ಒಂದು ಮಾತು ಆ ವಾಕ್ಯದಲ್ಲಿ ಸೇರಿಕೊಂಡಿದೆ. 60 ದಿನ ಕಳೆದು ಹೋಗುವುದು ಅದರ ಮೂಲಕವೇ.

ಮಿತಿ ತೆಗೆದ ಮೇಲೆ ಮೊತ್ತ ಏರಿತು, ಅದರೊಡನೆ ಮೇಲಿನ ಕೋರ್ಟಿಗೆ ಹೋಗುವ ಹುರುಪೂ ಏರಿತು. 500 ರೂಪಾಯಿಗಾಗಿ ಬೆಂಗಳೂರಿಗೆ ಹೋಗುವ ಗಂಡ ಕಡಿಮೆ. ತಿಂಗಳಿಗೆ ಐದು ಸಾವಿರ, ಅದೂ ಅರ್ಜಿ ಹಾಕಿದ ತಾರೀಖಿನಿಂದ ಎಂದಾಗ ಲೆಕ್ಕ ಬೇರೆಯಾಯಿತು. ಆಗ ಘಟಪ್ರಭಾ ಸ್ಟೇಷನ್ನಿನಲ್ಲಿ ರಾಣಿ ಚೆನ್ನಮ್ಮ ಎಕ್ಸ್‌ಪ್ರೆಸ್ ಹತ್ತಿದರೆ ರಾತ್ರಿಯಿಡೀ ಪ್ರಯಾಣ, ಐನೂರು ಕಿಲೋಮೀಟರ್ ಮೀರಿದ ದಾರಿ. ವಕೀಲರ ಫೀ, ನಕಲಿನ ಖರ್ಚು, ಊಟ, ವಸತಿ. ಗಂಡ ಒಮ್ಮೆ ಹೋಗಿ ವಕಾಲತ್ತಿಗೆ ಸಹಿ ಮಾಡಿ ತಡೆಯಾಜ್ಞೆ ತಂದರೆ ಅವನ ಕೆಲಸ ಮುಗಿಯಿತು. ಆ ತಡೆ ತೆಗೆಸಲು ಹೆಂಡತಿ ಹೋಗಬೇಕು. ಹೋಗಲು ದುಡ್ಡು ಬೇಕು. ದುಡ್ಡು ಬರಬೇಕಾದದ್ದು ತಡೆ ಬಿದ್ದಿರುವ ಆ ಹುಕುಮಿನಿಂದಲೇ. ತವರಿನ ಅಣ್ಣ ತಮ್ಮಂದಿರು ಒಂದು ಸಲ ಜೊತೆಗೆ ಹೋದಾರು. ಎರಡನೆಯ ಸಲಕ್ಕೆ ಅತ್ತಿಗೆಯ ಮುಖ ನೋಡಬೇಕು.

ಉತ್ತರ ಕರ್ನಾಟಕದ ವಕೀಲರು ಹೈಕೋರ್ಟಿನ ಪೀಠಕ್ಕಾಗಿ ದಶಕಗಟ್ಟಲೆ ಹೋರಾಡಿದ್ದರ ಹಿಂದೆ ಇಂಥ ಸಾವಿರಾರು ಪ್ರಯಾಣಗಳಿದ್ದವು. 2008ರ ಜುಲೈ 4ರಂದು ಧಾರವಾಡದಲ್ಲಿ ಸಂಚಾರಿ ಪೀಠ ಉದ್ಘಾಟನೆಯಾಯಿತು, 2013ರ ಆಗಸ್ಟಿನಲ್ಲಿ ಅದು ಕಾಯಂ ಪೀಠವಾಯಿತು. ಗೋಕಾಕದವರು ಬೆಳಿಗ್ಗೆ ಬಸ್ಸು ಹತ್ತಿ, ಧಾರವಾಡದಿಂದ ಬೆಳಗಾವಿ ಕಡೆಯ ಹೆದ್ದಾರಿಯ ಮಗ್ಗುಲಿನ ಆ ದೊಡ್ಡ ಕಟ್ಟಡದಲ್ಲಿ ಕೆಲಸ ಮುಗಿಸಿ, ಸಂಜೆ ಮನೆ ಸೇರುವಂತಾಯಿತು. ಧಾರವಾಡದ ಪ್ರಕರಣಗಳ ಸಂಖ್ಯೆ 1,00,001ರಿಂದ ಶುರುವಾಗುತ್ತದೆ, ಕಲಬುರಗಿಯದು 2,00,001ರಿಂದ. ಫೈಲಿನ ಮೇಲಿನ ನಂಬರು ನೋಡಿಯೇ ಇದು ಯಾವ ಕಡೆಯ ಸಂಸಾರ ಎಂದು ಹೇಳಬಹುದು.

ಹತ್ತಿರವಾದದ್ದು ಹೆಂಡತಿಗಷ್ಟೇ ಅಲ್ಲವಲ್ಲ. ಬೆಂಗಳೂರಿನ ಖರ್ಚಿಗೆ ಅಂಜಿ ಸುಮ್ಮನಿರುತ್ತಿದ್ದ ಗಂಡನಿಗೂ ಧಾರವಾಡ ಕೈಗೆಟುಕಿತು. ರಿಟ್ ಅರ್ಜಿಗಳ ಹಣೆಯ ಮೇಲೆ ಜಿಎಂ-ಎಫ್‌ಸಿ ಎಂದಿರುತ್ತದೆ, ಕುಟುಂಬ ನ್ಯಾಯಾಲಯದ ಬಾಬ್ತು ಎಂದು ಅರ್ಥ. ಬೆಳಗಾವಿಯಲ್ಲಿ ಕುಟುಂಬ ನ್ಯಾಯಾಲಯವಿದೆ. ತಾಲ್ಲೂಕುಗಳಲ್ಲಿ ಹಿಂದೂ ವಿವಾಹ ಕಾಯಿದೆಯ ಅರ್ಜಿ ಹಿರಿಯ ಸಿವಿಲ್ ನ್ಯಾಯಾಧೀಶರ ಮುಂದೆ, ಪೋಟಗಿಯ ಅರ್ಜಿ ಮೊದಲ ದರ್ಜೆಯ ಮ್ಯಾಜಿಸ್ಟ್ರೇಟರ (ಜೆಎಂಎಫ್‌ಸಿ) ಮುಂದೆ. ಗೋಕಾಕದಿಂದ ಬೇರೆಯಾಗಿ ಈಚೆಗೆ ತಾಲ್ಲೂಕಾದ ಮೂಡಲಗಿಗೂ ತನ್ನದೇ ಕೋರ್ಟಿದೆ. 2006ರ ಅಕ್ಟೋಬರ್‌ನಲ್ಲಿ ಜಾರಿಗೆ ಬಂದ ಕೌಟುಂಬಿಕ ದೌರ್ಜನ್ಯ ತಡೆ ಕಾಯಿದೆಯ ಮಧ್ಯಂತರ ಹುಕುಮಿಗೆ ಮಾತ್ರ ಹೈಕೋರ್ಟಿನ ತನಕ ಹೋಗಬೇಕಿಲ್ಲ; 30 ದಿನದೊಳಗೆ ಸೆಷನ್ಸ್ ಕೋರ್ಟಿಗೇ ಅಪೀಲು. ಗೋಕಾಕದಲ್ಲೇ ಹೆಚ್ಚುವರಿ ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಲಯ ಕೂರುತ್ತದೆ.

227ನೇ ವಿಧಿಯಡಿ ಬಂದ ಅರ್ಜಿಯಲ್ಲಿ ಹೈಕೋರ್ಟು ಮತ್ತೆ ಸಾಕ್ಷಿ ತೂಗುವುದಿಲ್ಲ. ಕೆಳಗಿನ ಕೋರ್ಟು ತನ್ನ ಅಧಿಕಾರ ಮೀರಿದೆಯೆ, ಕಣ್ಣಿಗೆ ರಾಚುವ ತಪ್ಪು ಮಾಡಿದೆಯೆ ಎಂದಷ್ಟೇ ನೋಡಬೇಕು. ಆದರೆ ಮೊತ್ತ ಹೆಚ್ಚಾಯಿತು ಎಂಬ ವಾದ ಯಾವುದಾದರೊಂದು ರೂಪದಲ್ಲಿ ಬಂದೇ ಬರುತ್ತದೆ. ಮದುವೆಯೇ ಆಗಿಲ್ಲ ಎನ್ನುವವರು ಈಗ ಕಡಿಮೆ; ಮದುವೆಯ ವಿಡಿಯೊ ಇರುತ್ತದೆ. ಅವಳೇ ಬಿಟ್ಟು ಹೋದಳು, ಪಂಚರ ಮುಂದೆ ಒಮ್ಮೆಗೇ ಕೊಟ್ಟು ಹರಿದುಕೊಂಡಿದ್ದೇವೆ, ಅವಳು ಹೊಲಿಗೆ ಕಲಿತಿದ್ದಾಳೆ, ಡಿಗ್ರಿ ಆಗಿದೆ, ದುಡಿಯಬಹುದು ಎಂಬಂಥವೇ ಹೆಚ್ಚು. ದುಡಿಯಬಲ್ಲಳು ಎನ್ನುವುದೂ ದುಡಿಯುತ್ತಿದ್ದಾಳೆ ಎನ್ನುವುದೂ ಬೇರೆ ಬೇರೆ ಎಂದು ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿದ ಮೇಲೂ ಈ ವಾದಕ್ಕೆ ಸುಸ್ತಾಗಿಲ್ಲ.

ಗೋಕಾಕ, ಮೂಡಲಗಿಗಳ ಕಡೆ ಎಲ್ಲಕ್ಕಿಂತ ಗಟ್ಟಿ ವಾದ ಹೊಲದ್ದು. ಘಟಪ್ರಭೆಯ ನೀರು, ಕಣ್ಣಿಗೆ ಹಾಯುವ ತನಕ ಕಬ್ಬು. ‘ಹೊಲ ನನ್ನ ಹೆಸರಲ್ಲಿಲ್ಲರೀ, ಉತಾರದಾಗ ನಮ್ಮಪ್ಪನ ಹೆಸರೈತಿ’ ಎಂದು ಗಂಡ ಹೇಳುತ್ತಾನೆ. ಉತಾರ, ಅಂದರೆ ಪಹಣಿ, ತೆಗೆದು ನೋಡಿದರೆ ಅದು ನಿಜ. ಕಬ್ಬು ಕಾರ್ಖಾನೆಗೆ ಹೋಗುವುದು ಅಪ್ಪನ ಹೆಸರಿನಲ್ಲಿ, ಬಿಲ್ ಬೀಳುವುದು ಅಪ್ಪನ ಖಾತೆಗೆ. ಮಗ ಕಾಗದದ ಮೇಲೆ ಆಸ್ತಿಯಿಲ್ಲದ ಕೂಲಿ. ಹೆಂಡತಿಯ ವಕೀಲರು ಟ್ರ್ಯಾಕ್ಟರಿನ ಫೋಟೊ, ಮೋಟಾರ್ ಸೈಕಲ್ಲಿನ ನಂಬರು, ಊರ ಜಾತ್ರೆಗೆ ಕೊಟ್ಟ ದೇಣಿಗೆಯ ರಸೀದಿ ಹುಡುಕಿ ತರುತ್ತಾರೆ. ಇನ್ನೊಂದು ತೊಡಕೂ ಉಂಟು. ಪೋಟಗಿ ತಿಂಗಳ ಲೆಕ್ಕದ್ದು, ಕಬ್ಬಿನ ದುಡ್ಡು ಹಂಗಾಮಿನ ಲೆಕ್ಕದ್ದು. ಪ್ರಾಮಾಣಿಕನಾದ ಗಂಡನಿಗೂ ಆಷಾಢದಲ್ಲಿ ಐದು ಸಾವಿರ ಹೊಂದಿಸುವುದು ಸುಲಭವಲ್ಲ. ಬಾಕಿ ಕೂಡುತ್ತಾ ಹೋಗಿ ಅರವತ್ತು ಸಾವಿರವಾದಾಗ ವಾರಂಟು ಬರುತ್ತದೆ, ಅವನು ಧಾರವಾಡಕ್ಕೆ ಓಡುತ್ತಾನೆ. ಗಂಡಸರ ಕಡೆಯ ದೂರುಗಳನ್ನೆಲ್ಲ ನೆಪವೆಂದು ತಳ್ಳಿಹಾಕುವುದು ಸರಿಯಲ್ಲ. ಒಂದೇ ಹೆಂಡತಿ 125ರಲ್ಲಿ ಒಂದು, ದೌರ್ಜನ್ಯ ಕಾಯಿದೆಯಲ್ಲಿ ಒಂದು, ವಿಚ್ಛೇದನದ ಅರ್ಜಿಯಲ್ಲಿ ಇನ್ನೊಂದು ಎಂದು ಮೂರು ಹುಕುಂ ಪಡೆದಾಗ, ಲಾರಿ ಓಡಿಸುವವನ ಪಗಾರ ಮೂರಕ್ಕೂ ಸಾಲದು.

ಆದಾಯ ಬಚ್ಚಿಡುವುದು, ಹುಕುಂಗಳು ಒಂದರ ಮೇಲೊಂದು ಬೀಳುವುದು ಎಂಬ ಎರಡು ಗಂಟುಗಳನ್ನು ಬಿಚ್ಚಲು ಸುಪ್ರೀಂ ಕೋರ್ಟು 2020ರ ನವೆಂಬರ್ 4ರಂದು ರಜನೀಶ್–ನೇಹಾ ತೀರ್ಪಿನಲ್ಲಿ ಕೈ ಹಾಕಿತು. ಆ ಪ್ರಕರಣದ ಹಾದಿಯೇ ಒಂದು ಪಾಠ. ನಾಗಪುರದಲ್ಲಿ 2013ರಲ್ಲಿ ಅರ್ಜಿ, 2015ರ ಆಗಸ್ಟಿನಲ್ಲಿ ತಿಂಗಳಿಗೆ ಹೆಂಡತಿಗೆ 15,000 ರೂಪಾಯಿಯ ಮಧ್ಯಂತರ ಹುಕುಂ, 2018ರಲ್ಲಿ ಹೈಕೋರ್ಟಿನಲ್ಲಿ ಗಂಡನಿಗೆ ಸೋಲು, ಅಲ್ಲಿಂದ ದೆಹಲಿ. ತೀರ್ಪು ಬರುವ ತನಕದ ಹುಕುಂ ಸರಿಯೆ ಎಂದು ತೀರ್ಮಾನವಾಗುವುದಕ್ಕೇ ಅರ್ಜಿಯ ದಿನದಿಂದ ಏಳು ವರ್ಷ ಬೇಕಾಯಿತು. ನ್ಯಾಯಮೂರ್ತಿ ಇಂದು ಮಲ್ಹೋತ್ರಾ ಮತ್ತು ನ್ಯಾಯಮೂರ್ತಿ ಆರ್. ಸುಭಾಷ್ ರೆಡ್ಡಿ ಅವರ ಪೀಠ ಬಾಕಿಯನ್ನು 12 ವಾರದಲ್ಲಿ ಕೊಡು ಎಂದಿತು. ಪೋಟಗಿ ಅರ್ಜಿಯ ತಾರೀಖಿನಿಂದಲೇ ಸಲ್ಲಬೇಕು, ಬೇರೆ ಕೋರ್ಟಿನಲ್ಲಿ ಪಡೆದದ್ದನ್ನು ಬಚ್ಚಿಡದೆ ಹೇಳಬೇಕು, ಅದನ್ನು ಲೆಕ್ಕಕ್ಕೆ ಹಿಡಿಯಬೇಕು ಎಂದಿತು. ಇಬ್ಬರೂ ತಮ್ಮ ಆಸ್ತಿ, ಸಾಲ, ಆದಾಯದ ಅಫಿಡವಿಟ್ ಕೊಡಬೇಕೆಂದು ನಮೂನೆಯನ್ನೇ ತೀರ್ಪಿಗೆ ಅಂಟಿಸಿತು.

ಒಕ್ಕಲುತನ ಮಾಡುವವರಿಗೆ ಅದರಲ್ಲಿ ಬೇರೆ ನಮೂನೆ ಇದೆ. ಹೊಲ ಎಷ್ಟು, ಒಬ್ಬನದೋ ಜಂಟಿಯೋ, ನೀರಾವರಿಯೋ ಒಣ ಬೇಸಾಯವೋ, ವರ್ಷದಲ್ಲಿ ಯಾವ ಯಾವ ಬೆಳೆ, ಎಮ್ಮೆ ಎಷ್ಟು, ಆಕಳು ಎಷ್ಟು, ಆಡು, ಕೋಳಿ, ಜೇನು ಎಷ್ಟು ಎಂದೆಲ್ಲ ಕೇಳುತ್ತದೆ. ದೆಹಲಿಯ ತೀರ್ಪೊಂದು ಗೋಕಾಕದ ದನದ ಕೊಟ್ಟಿಗೆಯ ತನಕ ಬಂದು ಎಣಿಕೆ ಮಾಡಿದ್ದು ನನಗಂತೂ ಖುಷಿ ಕೊಟ್ಟ ಸಂಗತಿ. ತಾಲ್ಲೂಕಿನಲ್ಲಿ ಈ ನಮೂನೆಯನ್ನು ಹೆಚ್ಚಾಗಿ ಟೈಪಿಸ್ಟರ ಮೇಜಿನಲ್ಲಿ ತುಂಬುತ್ತಾರೆ, ಎದುರಿನ ಕಾಲಮುಗಳಲ್ಲಿ ‘ಇಲ್ಲ’ ಎಂದು ಸಾಲಾಗಿ ಬರುತ್ತದೆ. ಆದರೂ ಮೊದಲಿಗಿಂತ ವಾಸಿ. ಈಗ ಸುಳ್ಳು ಹೇಳಿದರೆ ಸಹಿ ಹಾಕಿ ಹೇಳಬೇಕು. ಅಫಿಡವಿಟ್ ಕೇಳದೆ, ಕಾರಣ ಬರೆಯದೆ ಮೊತ್ತ ನಿಗದಿ ಮಾಡಿದ ಹುಕುಮುಗಳು ಮೇಲಿನ ಕೋರ್ಟಿನಲ್ಲಿ ಬಿದ್ದು ಮರುವಿಚಾರಣೆಗೆ ವಾಪಸು ಬರುವುದೂ ಉಂಟು. ಕೆಳಗಿನ ಕೋರ್ಟಿನ ಆತುರದ ದಂಡವನ್ನು ಆಗಲೂ ತೆರುವವಳು ಹೆಂಡತಿಯೇ.

2024ರ ಜುಲೈ 1ರಿಂದ 125 ಹೋಗಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144 ಬಂದಿದೆ. ನಂಬರು ಬದಲಾದ ಹತ್ತನೆಯ ದಿನ, ಜುಲೈ 10ರಂದು, ಸುಪ್ರೀಂ ಕೋರ್ಟು ಇನ್ನೊಂದು ಮಧ್ಯಂತರ ಪೋಟಗಿಯ ತಕರಾರು ತೀರ್ಮಾನಿಸಿತು. ತೆಲಂಗಾಣದ ಕುಟುಂಬ ನ್ಯಾಯಾಲಯ ತಿಂಗಳಿಗೆ 20,000 ಎಂದಿತ್ತು, ಹೈಕೋರ್ಟು 10,000ಕ್ಕೆ ಇಳಿಸಿತ್ತು. ವಿಚ್ಛೇದಿತ ಮುಸ್ಲಿಂ ಹೆಂಡತಿಗೆ 1986ರ ಪ್ರತ್ಯೇಕ ಕಾಯಿದೆ ಇರುವಾಗ 125 ಸಲ್ಲದು ಎಂದು ಗಂಡನ ವಾದ. ಅರ್ಜಿ ವಜಾ ಆಯಿತು. ಇಬ್ಬರು ನ್ಯಾಯಮೂರ್ತಿಗಳು ಬೇರೆ ಬೇರೆ ತೀರ್ಪು ಬರೆದು ಒಂದೇ ನಿಲುವಿಗೆ ಬಂದರು. ಅವರಲ್ಲೊಬ್ಬರು ಬಿ.ವಿ. ನಾಗರತ್ನ, 1985ರ ಸಾವಿತ್ರಿ ತೀರ್ಪು ಬರೆದ ವೆಂಕಟರಾಮಯ್ಯನವರ ಮಗಳು. ಸ್ವಂತ ಆದಾಯವಿಲ್ಲದ ಗೃಹಿಣಿಗೆ ಜಂಟಿ ಖಾತೆ, ಎಟಿಎಂ ಕಾರ್ಡಿನಂಥ ಆಸರೆಯನ್ನು ಗಂಡ ಸಂಸಾರ ನಡೆಯುತ್ತಿರುವಾಗಲೇ ಕೊಡಬೇಕು ಎಂದು ಅವರು ಬರೆದರು.

ಅದರ ಮರುತಿಂಗಳು ಜನರ ಮೊಬೈಲುಗಳಲ್ಲಿ ಓಡಾಡಿದ್ದು ಮಾತ್ರ ಬೇರೆ. ಬೆಂಗಳೂರಿನಲ್ಲಿ ತಿಂಗಳಿಗೆ 6,16,300 ರೂಪಾಯಿ ಕೇಳಿದ ಹೆಂಡತಿಯ ವಕೀಲರನ್ನು ಹೈಕೋರ್ಟಿನ ನ್ಯಾಯಮೂರ್ತಿಗಳು ತರಾಟೆಗೆ ತೆಗೆದುಕೊಂಡ ವಿಡಿಯೊ ಹಳ್ಳಿ ಹಳ್ಳಿ ತಲುಪಿತು. ಪೋಟಗಿ ಎಂದರೆ ಇದೇ ಎಂಬಂತೆ ಚಹಾದಂಗಡಿಗಳಲ್ಲಿ ಚರ್ಚೆ. ಮೂಡಲಗಿಯ ಕೋರ್ಟಿನಲ್ಲಿ ಎರಡು ಮಕ್ಕಳನ್ನು ಕಟ್ಟಿಕೊಂಡು ಆರು ಸಾವಿರಕ್ಕೆ ಅರ್ಜಿ ಹಾಕಿದವಳಿಗೂ ಆ ವಿಡಿಯೊದ ಬಿಸಿ ತಟ್ಟದೆ ಇರುವುದಿಲ್ಲ.

ಹುಕುಂ ಪ್ರಶ್ನಿಸಿ ಧಾರವಾಡಕ್ಕೆ ಬಂದ ಗಂಡನಿಗೆ ಪೀಠ ಈಗ ಬರಿಗೈಯಲ್ಲಿ ತಡೆ ಕೊಡುವುದು ಅಪರೂಪ. ಬಾಕಿಯಲ್ಲಿ ಅರ್ಧವನ್ನೋ ಇನ್ನಿಷ್ಟು ಭಾಗವನ್ನೋ ಇಂತಿಷ್ಟು ವಾರದೊಳಗೆ ಕಟ್ಟಬೇಕು, ಮುಂದಿನದನ್ನು ತಿಂಗಳು ತಿಂಗಳು ಕೊಡುತ್ತಿರಬೇಕು ಎಂಬ ಷರತ್ತು ಹಾಕುವುದು ರೂಢಿ. ಹೆಂಡತಿಗೆ ಅಲ್ಲಿ ವಕೀಲರನ್ನು ಹಿಡಿಯಲು ದುಡ್ಡಿಲ್ಲದಿದ್ದರೆ ಹೈಕೋರ್ಟಿನ ಕಾನೂನು ಸೇವಾ ಸಮಿತಿ ಇದೆ. ಹೆಣ್ಣುಮಗಳು ಎಂಬುದೊಂದೇ ಸಾಕು, ಆದಾಯದ ಮಿತಿ ಇಲ್ಲ. ತಾಲ್ಲೂಕು ಸಮಿತಿಗೆ ಹೋಗಿ ಕೇಳಿದರೂ ನಡೆಯುತ್ತದೆ. ಷರತ್ತಿನಂತೆ ಗಂಡ ಕಟ್ಟಿದ ಹಣ ಠೇವಣಿಯಾದಾಗ ತಾನಾಗಿ ಆಕೆಯ ಕೈಗೆ ಬರುವುದಿಲ್ಲ. ಅದನ್ನು ಬಿಡಿಸಿಕೊಳ್ಳಲು ಆಕೆ ಇನ್ನೊಂದು ಅರ್ಜಿ ಹಾಕಬೇಕು, ಆಧಾರ್ ಮತ್ತು ಪಾಸ್‌ಬುಕ್ಕಿನ ನಕಲು ಲಗತ್ತಿಸಬೇಕು, ಗುರುತು ಹಿಡಿಯಲು ವಕೀಲರು ಸಹಿ ಹಾಕಬೇಕು. ಗಂಡ ಏನೂ ಕಟ್ಟದೆ ಸುಮ್ಮನೆ ಕೂತರೆ ಬಾಕಿ ವಸೂಲಿಗೆ ಬೇರೆಯೇ ಅರ್ಜಿ. ಬಾಕಿ ಬಿದ್ದ ತಾರೀಖಿನಿಂದ ಒಂದು ವರ್ಷದೊಳಗೆ ಅದನ್ನು ಹಾಕಬೇಕು. ಒಂದೊಂದು ತಿಂಗಳ ಬಾಕಿಗೆ ಒಂದು ತಿಂಗಳ ತನಕ ಅವನನ್ನು ಜೈಲಿಗೆ ಕಳಿಸಬಹುದು, ಹಾಗೆಂದು ಬಾಕಿ ಮನ್ನಾ ಆಗುವುದಿಲ್ಲ. ವರ್ಷ ದಾಟಿತೋ, ಆ ತಿಂಗಳುಗಳ ವಾರಂಟು ಕೇಳುವ ದಾರಿ ಮುಚ್ಚಿತು. ಹೈಕೋರ್ಟಿನಲ್ಲಿ ಪ್ರಕರಣ ಇದೆಯಲ್ಲ ಎಂದು ಊರಲ್ಲೇ ಉಳಿದವಳಿಗೆ ಈ ಒಂದು ವರ್ಷದ ಮಾತನ್ನು ಮೊದಲ ದಿನವೇ ಯಾರಾದರೂ ಹೇಳಿರಬೇಕು.